ಕಾಣೆಯಾದ ಮೂರೂವರೆ ನಿಮಿಷ: ಅಗ್ಗದ ದೆವ್ವದ ಸಿನಿಮಾಗಳ 'ಭಾಗ 2' ಹುಡುಕುವವರಿಗೆ

ಹಳೇ ಹುಬ್ಬಳ್ಳಿಯಲ್ಲಿ ನಮ್ಮ ಕಾಕಾನ ವಿಡಿಯೋ ಕ್ಯಾಸೆಟ್ ಲೈಬ್ರರಿ ಇತ್ತು. ಅದು ಮುಚ್ಚಿದ ಮೇಲೆ ಒಂದು ಡಬ್ಬಿ ಕ್ಯಾಸೆಟ್ ನನ್ನ ಪಾಲಿಗೆ ಬಂತು. ಜಾಸ್ತಿ ಪಾಲು ದೆವ್ವದ ಸಿನಿಮಾಗಳ ಎರಡನೇ, ಮೂರನೇ ಭಾಗಗಳೇ. ಹಳೇ ಸಿನಿಮಾಗಳನ್ನು ಉಚಿತವಾಗಿ ಇಟ್ಟಿರುವ ಜಾಲತಾಣ ಇಂಟರ್ನೆಟ್ ಆರ್ಕೈವ್‌ನಲ್ಲಿರುವ ಪ್ರತಿಗಳ ಜೊತೆ ಅವನ್ನು ಹೋಲಿಸುತ್ತಾ ಕಲಿತದ್ದು ಇಲ್ಲಿದೆ. ಬೂಷ್ಟು ಹಿಡಿದ ಕ್ಯಾಸೆಟ್ಟನ್ನು ಮಾತ್ರ ವಿಸಿಆರ್‌ಗೆ ಹಾಕಬೇಡಿ, ಟೇಪ್ ಓದುವ ಹೆಡ್ ಕೆಡುತ್ತದೆ.

ಹೆಸರಿನ ಮುಂದಿರುವ ನಂಬರ್ ನಂಬಬೇಡಿ. ಅಮೆರಿಕದ ನಿರ್ದೇಶಕ ಜಾರ್ಜ್ ರೊಮೆರೊ ಅವರ 1978ರ 'ಡಾನ್ ಆಫ್ ದ ಡೆಡ್' ಇಟಲಿಯಲ್ಲಿ 'ಝೋಂಬಿ' ಅಂತ ಬಂತು. ಮರುವರ್ಷ ಇಟಲಿಯ ನಿರ್ದೇಶಕ ಲೂಸಿಯೋ ಫುಲ್ಚಿ ಅವರ ಬೇರೆಯದೇ ಕಥೆಗೆ 'ಝೋಂಬಿ 2' ಅಂತ ಹೆಸರಿಟ್ಟರು. 'ಟ್ರೋಲ್ 2' (1990) ಚಿತ್ರದಲ್ಲಿ ಟ್ರೋಲ್ ಎಂಬ ಜಾನಪದ ಭೂತ ಒಂದೂ ಇಲ್ಲ, ಇರುವುದೆಲ್ಲ ಗಾಬ್ಲಿನ್ ಎಂಬ ಬೇರೆ ಜಾತಿಯ ಭೂತ! ಹಾಗಾಗಿ ನಿರ್ದೇಶಕರ ಹೆಸರು, ವರ್ಷ ಹಾಕಿ ಹುಡುಕಿ.

ನಾನು ಒಂದು ವಾರ ಒದ್ದಾಡಿದ್ದು ಅವಧಿಯ ವಿಷಯದಲ್ಲಿ. ಸಿನಿಮಾ ಒಂದೇ, ಆದರೆ ಆರ್ಕೈವ್‌ನ ಪ್ರತಿ 90 ನಿಮಿಷ, ಕಾಕಾನ ಕ್ಯಾಸೆಟ್ 86 ನಿಮಿಷ 24 ಸೆಕೆಂಡ್. ಸೆನ್ಸಾರ್‌ನವರು ಕತ್ತರಿಸಿದ್ದಾರೆ ಅಂದುಕೊಂಡೆ. ಗಿರ್ಮಿಟ್ ಪೊಟ್ಟಣ ಇಟ್ಟುಕೊಂಡು ರಾತ್ರಿಯಿಡೀ ಎರಡನ್ನೂ ಪಕ್ಕಪಕ್ಕದಲ್ಲಿ ಓಡಿಸಿದೆ. ಒಂದು ದೃಶ್ಯವೂ ಕಡಿಮೆ ಇಲ್ಲ. ಹೊಡೆದಾಟ, ರಕ್ತ, ಎಲ್ಲ ಇದೆ.

ನಿಧಾನವಾಗಿ ನೋಡಿ. ಸಿನಿಮಾ ಫಿಲ್ಮ್ ಸೆಕೆಂಡಿಗೆ 24 ಫ್ರೇಮ್, ಅಂದರೆ 24 ಬಿಡಿ ಚಿತ್ರ, ಓಡುತ್ತದೆ. 90 ನಿಮಿಷ ಅಂದರೆ 5,400 ಸೆಕೆಂಡ್, ಒಟ್ಟು 1,29,600 ಫ್ರೇಮ್. ನಮ್ಮ ಕಡೆಯ ಕ್ಯಾಸೆಟ್ಟುಗಳು ಪಾಲ್ (PAL) ಎಂಬ ಟಿವಿ ಪದ್ಧತಿಯವು, ಸೆಕೆಂಡಿಗೆ 25 ಫ್ರೇಮ್. ಆ ಒಂದು ಹೆಚ್ಚಿನ ಫ್ರೇಮ್ ಎಲ್ಲಿಂದ ತರುತ್ತಾರೆ? ತರುವುದಿಲ್ಲ. ಸಿನಿಮಾವನ್ನೇ ಸ್ವಲ್ಪ ಜೋರಾಗಿ ಓಡಿಸಿಬಿಡುತ್ತಾರೆ. ಅದೇ 1,29,600 ಫ್ರೇಮನ್ನು 25ರಿಂದ ಭಾಗಿಸಿದರೆ 5,184 ಸೆಕೆಂಡ್, ಅಂದರೆ 86 ನಿಮಿಷ 24 ಸೆಕೆಂಡ್. ದೆವ್ವದ ದನಿಯೂ ಕೊಂಚ ಕೀರಲಾಗುತ್ತದೆ, ಅದನ್ನು ನಾನು ನಟಿಯ ತಪ್ಪು ಅಂದುಕೊಂಡಿದ್ದೆ. ಅಮೆರಿಕದ ಎನ್‌ಟಿಎಸ್‌ಸಿ ಪದ್ಧತಿಯ ಕ್ಯಾಸೆಟ್ಟಿನಲ್ಲಿ ಸೆಕೆಂಡಿಗೆ ಸುಮಾರು 30 ಫ್ರೇಮ್. ಅಲ್ಲಿ ಚಿತ್ರದ ಕೆಲವು ಭಾಗಗಳನ್ನೇ ಮತ್ತೆ ತೋರಿಸಿ ಲೆಕ್ಕ ತುಂಬಿಸುತ್ತಾರೆ, ಅವಧಿ ಬದಲಾಗುವುದಿಲ್ಲ.

ನನ್ನ ಸುಲಭ ಲೆಕ್ಕ: ಪಾಲ್ ಪ್ರತಿಯ ಪ್ರತಿ 24 ನಿಮಿಷಕ್ಕೆ 1 ನಿಮಿಷ ಸೇರಿಸಿ. ಆಮೇಲೂ ಕಡಿಮೆ ಬಿದ್ದರೆ ಕತ್ತರಿ ಬಿದ್ದಿರಬಹುದು, ಆಗ ಹುಡುಕಿ.

ಕಾಪಿರೈಟ್ ಹಕ್ಕಿನ ವಿಷಯ ಚಿಕ್ಕದು. 1968ರ 'ನೈಟ್ ಆಫ್ ದ ಲಿವಿಂಗ್ ಡೆಡ್' ಅಮೆರಿಕದಲ್ಲಿ ಎಲ್ಲರಿಗೂ ಮುಕ್ತ, ಯಾಕಂದ್ರೆ ಹೆಸರು ಬದಲಿಸುವಾಗ ಕಾಪಿರೈಟ್ ಸೂಚನೆ ಬಿಟ್ಟುಹೋಯಿತು. ಮೊದಲನೆಯದು ಮುಕ್ತವಾದರೆ ಮುಂದಿನ ಭಾಗವೂ ಮುಕ್ತ ಅಂತಲ್ಲ. ಭಾರತದಲ್ಲಿ ಚಿತ್ರ ಬಿಡುಗಡೆಯಾದ ಮರುವರ್ಷದಿಂದ 60 ವರ್ಷ ಹಕ್ಕು ಇರುತ್ತದೆ. ರಾಮ್ಸೇ ಸಹೋದರರ 1984ರ 'ಪುರಾನಾ ಮಂದಿರ್'ಗೆ 2045ರವರೆಗೆ ಕಾಯಬೇಕು. ಅದಕ್ಕೇ ಕಾಕಾನ ಕ್ಯಾಸೆಟ್ಟುಗಳನ್ನು ಸುಮ್ನೆ ಎರಡು ಹಾರ್ಡ್ ಡಿಸ್ಕ್‌ಗೆ ಇಳಿಸಿಟ್ಟಿದ್ದೇನೆ, ಅಪ್‌ಲೋಡ್ ಮಾಡಿಲ್ಲ.

ಇದನ್ನೆಲ್ಲ ಹೇಳಿದಾಗ ಕಾಕಾ ಕೇಳಿದ: "ಮತ್ತ ಬಾಡಿಗಿ ಪೂರಾ ತಗೊಂಡು ಮೂರೂವರೆ ನಿಮಿಷ ಕಡಿಮಿ ತೋರ್ಸೀನೇನು ನಾ?"