ಹನ್ನೆರಡು ಕಂತಿನ ಹೋಟೆಲು, ಮುಗಿಯದ ನಗು

ಗಲ್ಲಾದಲ್ಲಿ ಸಿಡುಕುವ ಧಣಿ, ಆರ್ಡರನ್ನು ತಪ್ಪಾಗಿ ಕೇಳಿಸಿಕೊಳ್ಳುವ ಸಪ್ಲೈಯರ್, ಹೇಳದೆ ಕೇಳದೆ ಬಂದಿಳಿಯುವ ಹೆಲ್ತ್ ಇನ್‌ಸ್ಪೆಕ್ಟರ್ ಇವರನ್ನು ಊರೂರಿಗೆ ಹೋಟೆಲು ಕೊಟ್ಟ ಉಡುಪಿಯವರಿಗೆ ಪರಿಚಯಿಸಬೇಕಾಗಿಲ್ಲ. ಬಿಬಿಸಿಯ ‘ಫಾಲ್ಟಿ ಟವರ್ಸ್’ ಧಾರಾವಾಹಿ ನಮಗೂ ಹತ್ತಿರದ್ದೆನಿಸುವುದು ಈ ಕಾರಣಕ್ಕೇ. 1975ರಲ್ಲಿ ಆರು, 1979ರಲ್ಲಿ ಆರು ಕಂತು ಪ್ರಸಾರವಾಗಿ ಮುಗಿದ ಈ ಹಾಸ್ಯವನ್ನು 2000ರಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ತನ್ನ ನೂರು ಶ್ರೇಷ್ಠ ಬ್ರಿಟಿಷ್ ಟಿವಿ ಕಾರ್ಯಕ್ರಮಗಳ ಪಟ್ಟಿಯಲ್ಲಿ ಮೊದಲನೆಯದಾಗಿಸಿತು.

1970ರಲ್ಲಿ ಚಿತ್ರೀಕರಣಕ್ಕೆಂದು ಇಂಗ್ಲೆಂಡಿನ ಕಡಲತಡಿಯ ಟಾರ್ಕಿ ಪಟ್ಟಣದ ಹೋಟೆಲೊಂದರಲ್ಲಿ ತಂಗಿದ್ದ ಹಾಸ್ಯನಟ, ಲೇಖಕ ಜಾನ್ ಕ್ಲೀಸ್, ಅತಿಥಿಗಳೇ ಉಪದ್ರವವೆಂಬಂತೆ ವರ್ತಿಸುತ್ತಿದ್ದ ಅಲ್ಲಿನ ಮಾಲೀಕರನ್ನು ಕಂಡು ಧಾರಾವಾಹಿಯ ಹೋಟೆಲ್ ಧಣಿ ಬೇಸಿಲ್ ಫಾಲ್ಟಿಯ ಪಾತ್ರವನ್ನು ಕಲ್ಪಿಸಿದರು. ಅವರೂ ಪತ್ನಿ ಕೋನಿ ಬೂತ್ ಅವರೂ ಕೂಡಿ ಬರೆದ ಮೊದಲ ಕಂತನ್ನು ಬಿಬಿಸಿಯೊಳಗೇ ಸವಕಲು ಸರಕೆಂದು ತಳ್ಳಿಹಾಕಿದವರಿದ್ದರು. ಆದರೆ ಈ ದಂಪತಿ ಒಂದೊಂದು ಕಂತಿಗೂ ವಾರಗಟ್ಟಲೆ ದುಡಿದು, ಕಥೆಯ ಎಳೆಗಳನ್ನೆಲ್ಲ ಹೆಣೆದುಕೊಂಡ ಮೇಲೆಯೇ ಮಾತು ಬರೆಯುತ್ತಿದ್ದರು. ನಾಲ್ಕನೆಯ ಕಂತನ್ನೇ ನೋಡಿ: ಹೋಟೆಲ್ ತಪಾಸಣೆಗೆ ಅಧಿಕಾರಿಗಳು ಬಂದಿದ್ದಾರೆಂಬ ಸುದ್ದಿ ಕಿವಿಗೆ ಬಿದ್ದದ್ದೇ ತಡ, ಬೇಸಿಲ್ ಚಮಚ ಮಾರುವ ಪ್ರತಿನಿಧಿಯೊಬ್ಬನನ್ನು ಅಧಿಕಾರಿಯೆಂದು ತಿಳಿದು ಉಪಚರಿಸುತ್ತಾನೆ. ನಿಜ ತಿಳಿದಾಗ ಅವನ ಮೇಲೆ ಸೇಡು ತೀರಿಸಿಕೊಳ್ಳುತ್ತಾನೆ, ಅದೂ ನಿಜವಾದ ಅಧಿಕಾರಿಗಳು ಒಳಗೆ ಬಂದು ನಿಂತಿರುವಾಗ. ದೊಡ್ಡವರೆದುರು ಬಾಗುವ, ಕೈಕೆಳಗಿನವರ ಮೇಲೆ ಎಗರುವ ಈ ಗುಣ ಯಾವ ದೇಶದ ದುಡಿಮೆಯ ಜಾಗದಲ್ಲಿಲ್ಲ?

1978ರಲ್ಲಿ ವಿಚ್ಛೇದನವಾದರೂ ಬರವಣಿಗೆಯ ಜೋಡಿ ಒಡೆಯಲಿಲ್ಲ. ಎರಡನೆಯ ಸರಣಿಯ ಕೊನೆಯ ಕಂತು ಬಿಬಿಸಿಯಲ್ಲಿನ ಮುಷ್ಕರದಿಂದಾಗಿ ಅಕ್ಟೋಬರ್‌ವರೆಗೆ ತಡವಾಯಿತು. ಆಮೇಲಿನ ನಾಲ್ಕು ದಶಕಗಳು ಮರುಪ್ರಸಾರದಲ್ಲೇ ಕಳೆದವು.

ವಿವಾದವೆದ್ದದ್ದು 2020ರ ಜೂನ್‌ನಲ್ಲಿ. ಜರ್ಮನ್ ಅತಿಥಿಗಳು ಬರುವ ಕಂತಿನಲ್ಲಿ ಹೋಟೆಲಿನ ಕಾಯಂ ಅತಿಥಿಯಾದ ವೃದ್ಧ ಮೇಜರ್ ಭಾರತದ ಮತ್ತು ವೆಸ್ಟ್ ಇಂಡೀಸ್‌ನ ಕ್ರಿಕೆಟಿಗರನ್ನು ಹೀನಪದಗಳಿಂದ ಕರೆಯುತ್ತಾನೆಂಬ ಕಾರಣಕ್ಕೆ ಅದನ್ನು ಒಂದು ಸ್ಟ್ರೀಮಿಂಗ್ ಸೇವೆಯಿಂದ ತೆಗೆದು, ಕೆಲವೇ ದಿನಗಳಲ್ಲಿ ಎಚ್ಚರಿಕೆಯ ಸೂಚನೆಯೊಂದಿಗೆ ಮರಳಿಸಲಾಯಿತು. ಆ ಪದ ತಾಗುವುದು ನಮ್ಮನ್ನೇ, ನೋವಿಲ್ಲವೆನ್ನಲಾಗದು. ಆದರೆ ದೃಶ್ಯದಲ್ಲಿ ನಗೆಗೀಡಾಗುವವನು ಕಾಲ ಸರಿದದ್ದನ್ನು ಅರಿಯದ ಆ ಮೇಜರನೇ. ಸೂಚನೆ ಹಾಕಿ ತೋರಿಸಿದ್ದು ಕತ್ತರಿಸುವುದಕ್ಕಿಂತ ಮೇಲಾಯಿತು.

ಹೊಸ ಸರಣಿಯ ಮಾತು 2023ರಲ್ಲಿ ಕೇಳಿಬಂತು. ಮರುವರ್ಷ ಲಂಡನ್ನಿನ ಅಪೊಲೊ ರಂಗಮಂದಿರದಲ್ಲಿ ಕ್ಲೀಸ್ ಅವರೇ ರಂಗಕ್ಕೆ ಅಳವಡಿಸಿದ ನಾಟಕ ತೆರೆಕಂಡಿತು; ಅದರ ಕಥೆಯನ್ನು ಹಳೆಯ ಮೂರು ಕಂತುಗಳಿಂದಲೇ ಹೆಣೆಯಲಾಗಿತ್ತು, ಅವುಗಳಲ್ಲಿ ಚಮಚದವನ ಕಂತೂ ಒಂದು.