ತೋಟದ ಪುಸ್ತಕ ಓದುವಾಗ ಅಡುಗೆಮನೆಯನ್ನೂ ನೋಡಿ

ಕೈ ಕೆಸರಾದರೆ ಬಾಯಿ ಮೊಸರು ಅಂತ ನಾವು ಹೇಳ್ತೀವಲ್ಲ, ಜನ ಒಟ್ಟಾಗಿ ದುಡಿದು ಬದುಕಿದ ತೋಟಗಳ ಬಗ್ಗೆ ಬಂದ ಪುಸ್ತಕಗಳನ್ನು ಓದುವಾಗ ಆ ಗಾದೆಯನ್ನು ಎರಡು ತುಂಡು ಮಾಡಿ ಇಟ್ಟುಕೊಳ್ಳಿ. ಇಲ್ಲಿ ಕೆಸರಾದದ್ದು ಯಾರ ಕೈ? ಮೊಸರು ಸಿಕ್ಕಿದ್ದು ಯಾರಿಗೆ? ನಾನು ಮೊದಲ ಸಲ ಓದಿದಾಗ ದೊಡ್ಡ ದೊಡ್ಡ ಆದರ್ಶಗಳಿಗೆಲ್ಲ ಗೆರೆ ಎಳೆದಿದ್ದೆ. ಎರಡನೇ ಸಲ ಬೇರೆ ಪೆನ್ಸಿಲ್ ಹಿಡಿದು ಅಡುಗೆ, ಬಟ್ಟೆ ಒಗೆಯೋದು, ಹಾಲು ಕರೆಯೋದು ಬಂದ ಕಡೆ ಮಾತ್ರ ಗುರುತು ಹಾಕಿದೆ. ಪುಸ್ತಕ ಬೇರೆಯೇ ಆಗಿ ಕಂಡಿತು.

ಹಿನ್ನೆಲೆ ಚಿಕ್ಕದಾಗಿ ಹೇಳಿಬಿಡ್ತೀನಿ. 1837ರಲ್ಲಿ ಅಮೆರಿಕದಲ್ಲಿ ದೊಡ್ಡ ಹಣಕಾಸಿನ ಕುಸಿತ ಆಯಿತು. ಬ್ಯಾಂಕುಗಳು ಮುಳುಗಿದವು, ಜನ ಕೆಲಸ ಕಳೆದುಕೊಂಡರು. ದುಡ್ಡಿನ ಹಿಂದೆ ಓಡುವ ಬದುಕೇ ಬೇಡ, ಬೇರೆ ಥರ ಬದುಕೋಣ ಅನ್ನುವ ಯೋಚನೆ ಆಮೇಲೆ ಜೋರಾಯಿತು. 1840ರ ದಶಕದಲ್ಲಿ ಇಂಥ ತೋಟಗಳು ಹತ್ತಾರು ಹುಟ್ಟಿದವು. ಸಾಹಿತ್ಯದ ಪರೀಕ್ಷೆಗೆ ಓದುವವರಿಗೆ ಮುಖ್ಯವಾದವು ಎರಡು, ಎರಡೂ ಮ್ಯಾಸಚೂಸೆಟ್ಸ್ ರಾಜ್ಯದಲ್ಲಿದ್ದವು: ಬ್ರೂಕ್ ಫಾರ್ಮ್ ಮತ್ತು ಫ್ರೂಟ್‌ಲ್ಯಾಂಡ್ಸ್.

ಬ್ರೂಕ್ ಫಾರ್ಮ್ ಶುರುವಾದದ್ದು 1841ರಲ್ಲಿ. ಶುರು ಮಾಡಿದವರು ಜಾರ್ಜ್ ರಿಪ್ಲಿ. ಅದಕ್ಕೆ ಮೊದಲು ಅವರು ಚರ್ಚಿನಲ್ಲಿ ಪಾದ್ರಿ. ಯೋಚಿಸುವವನೇ ದುಡಿಯುವವನೂ ಆಗಿರಬೇಕು ಅನ್ನೋದು ಅವರ ಆಸೆ. ತೋಟದಲ್ಲಿ ಒಂದು ಪಾಲಿಗೆ, ಅಂದ್ರೆ ಷೇರಿಗೆ, 500 ಡಾಲರ್. ಹೊಲದ ಕೆಲಸ, ಪಾಠ ಹೇಳುವ ಕೆಲಸ, ಮನೆಗೆಲಸ, ಎಲ್ಲಕ್ಕೂ ಒಂದೇ ಬೆಲೆ. ಈ ಕೊನೆಯ ಮಾತನ್ನು ಸುಮ್ನೆ ಓದಿ ಮುಂದೆ ಹೋಗಬೇಡಿ. ಪಾತ್ರೆ ತೊಳೆಯೋದಕ್ಕೂ ಪಾಠ ಹೇಳೋದಕ್ಕೂ ಸರಿಸಮ ಲೆಕ್ಕ ಅಂತ 1841ರಲ್ಲಿ ಬರೆದಿಟ್ಟರು ಅಂದ್ರೆ ಅದು ಸಣ್ಣ ಧೈರ್ಯವಲ್ಲ.

ಕಾದಂಬರಿಕಾರ ನಥಾನಿಯಲ್ ಹಾಥಾರ್ನ್ ಎರಡು ಷೇರು ತೆಗೆದುಕೊಂಡು ಅಲ್ಲಿಗೆ ಹೋದರು. ಮದುವೆಯಾಗಬೇಕಿದ್ದ ಸೋಫಿಯಾಳ ಜೊತೆ ಅಲ್ಲೇ ಮನೆ ಮಾಡುವ ಕನಸು. ಏಪ್ರಿಲ್‌ನಲ್ಲಿ ಹೋದವರಿಗೆ ಸಿಕ್ಕ ಮುಖ್ಯ ಕೆಲಸ ಗೊಬ್ಬರ ಎತ್ತಿ ಹಾಕೋದು. ರಿಪ್ಲಿ ಆ ಗೊಬ್ಬರದ ಗುಡ್ಡೆಯನ್ನು ಚಿನ್ನದ ಗಣಿ ಅಂತ ಕರೆಯುತ್ತಿದ್ದರು. ಮೊದಮೊದಲು ಹಾಥಾರ್ನ್ ಸೋಫಿಯಾಗೆ ಬರೆದ ಕಾಗದಗಳಲ್ಲಿ ಉತ್ಸಾಹ ಉಕ್ಕುತ್ತದೆ. ಕೆಲವೇ ತಿಂಗಳಲ್ಲಿ ದನಿ ಬದಲಾಗುತ್ತದೆ: ಮನುಷ್ಯನ ಆತ್ಮ ದುಡ್ಡಿನ ರಾಶಿಯ ಕೆಳಗೆ ಹೂತುಹೋಗುವ ಹಾಗೆಯೇ ಗೊಬ್ಬರದ ರಾಶಿಯ ಕೆಳಗೂ ಹೂತುಹೋಗಬಹುದು ಅಂತ ಬರೆಯುತ್ತಾರೆ. ದಿನವೆಲ್ಲ ಮೈಮುರಿದು ದುಡಿದವನಿಗೆ ರಾತ್ರಿ ಬರೆಯುವ ಶಕ್ತಿ ಉಳಿಯಲಿಲ್ಲ. ವರ್ಷ ಮುಗಿಯುವ ಮೊದಲೇ ಹೊರಟುಬಿಟ್ಟರು. ಹನ್ನೊಂದು ವರ್ಷ ಬಿಟ್ಟು, 1852ರಲ್ಲಿ, ‘ದಿ ಬ್ಲೈಥ್‌ಡೇಲ್ ರೊಮಾನ್ಸ್’ ಬಂತು. ಒಂದು ಎಚ್ಚರಿಕೆ: ಅದು ಬ್ರೂಕ್ ಫಾರ್ಮಿನ ಇತಿಹಾಸವಲ್ಲ. ಹಾಗೆ ಓದಬೇಡಿ ಅಂತ ಮುನ್ನುಡಿಯಲ್ಲಿ ಅವರೇ ಹೇಳಿದ್ದಾರೆ. ಉತ್ತರ ಬರೆಯುವಾಗ ಇದನ್ನು ಮರೆಯುವವರೇ ಜಾಸ್ತಿ.

ತೋಟದ ಕಥೆ ಏನಾಯಿತು? ಸ್ಥಿರವಾಗಿ ದುಡ್ಡು ತಂದದ್ದು ಬೇಸಾಯಕ್ಕಿಂತ ಹೆಚ್ಚಾಗಿ ಅವರ ಶಾಲೆ. 1846ರ ಮಾರ್ಚ್‌ನಲ್ಲಿ, ಕಟ್ಟುತ್ತಿದ್ದ ದೊಡ್ಡ ಕಟ್ಟಡಕ್ಕೆ ಬೆಂಕಿ ಬಿತ್ತು. ವಿಮೆ ಇರಲಿಲ್ಲ. ಮರುವರ್ಷ ಎಲ್ಲ ಮುಗಿಯಿತು.

ಈಗ ಫ್ರೂಟ್‌ಲ್ಯಾಂಡ್ಸ್. ನನಗೆ ತುಂಬಾ ಹತ್ತಿರವಾದದ್ದು ಇದು. 1843ರ ಜೂನ್‌ನಲ್ಲಿ ಅಮೆರಿಕದ ಚಿಂತಕ ಬ್ರಾನ್ಸನ್ ಆಲ್ಕಟ್ ಮತ್ತು ಇಂಗ್ಲೆಂಡಿನ ಚಾರ್ಲ್ಸ್ ಲೇನ್ ಸೇರಿ ಸುಮಾರು 90 ಎಕರೆಯಲ್ಲಿ ಶುರು ಮಾಡಿದರು. ದುಡ್ಡು ಲೇನ್ ಅವರದು. ಹೆಸರು ಹಣ್ಣಿನ ನಾಡು, ಆದರೆ ಅಲ್ಲಿದ್ದದ್ದು ಹತ್ತೇ ಹತ್ತು ಹಳೇ ಸೇಬಿನ ಮರ. ನಿಯಮಗಳು ಬಹಳ ಕಟ್ಟುನಿಟ್ಟು. ಹತ್ತಿ ಬೇಡ, ಯಾಕಂದ್ರೆ ಅದು ಗುಲಾಮರ ದುಡಿಮೆಯಿಂದ ಬರುತ್ತದೆ. ಉಣ್ಣೆ ಬೇಡ, ಅದು ಕುರಿಯದು. ಹಾಲು, ಬೆಣ್ಣೆ, ಮಾಂಸ ಯಾವುದೂ ಬೇಡ. ದನಗಳಿಂದ ದುಡಿಸೋದು ತಪ್ಪು, ಗುದ್ದಲಿಯೇ ಸಾಕು. ಒಂದೊಂದು ನಿಯಮದ ಹಿಂದೆಯೂ ನಿಜವಾದ ಕಾಳಜಿ ಇದೆ, ಅದನ್ನು ನಾನು ಗೌರವಿಸುತ್ತೇನೆ. ಆದರೆ ಕೆಲವೇ ದಿನಕ್ಕೆ ಕೈಯಲ್ಲಿ ಬೊಬ್ಬೆ ಎದ್ದು, ಸೊಂಟ ಹಿಡಿದು, ದನಗಳು ಬಂದೇಬಂದವು.

ಬ್ರಾನ್ಸನ್ ಅವರ ಮಗಳು ಲೂಯಿಸಾ ಮೇ ಆಲ್ಕಟ್‌ಗೆ ಆಗ 10 ವರ್ಷ. ಮುಂದೆ ‘ಲಿಟಲ್ ವಿಮೆನ್’ ಬರೆದದ್ದು ಇದೇ ಹುಡುಗಿ. 1873ರಲ್ಲಿ ಆಕೆ ಹೆಸರುಗಳನ್ನು ಬದಲಿಸಿ ‘ಟ್ರಾನ್ಸೆಂಡೆಂಟಲ್ ವೈಲ್ಡ್ ಓಟ್ಸ್’ ಅನ್ನುವ ಸಣ್ಣ ಬರಹದಲ್ಲಿ ಆ ದಿನಗಳನ್ನು ಹೇಳಿದಳು. ಅದರ ಮೂರು ದೃಶ್ಯಗಳನ್ನು ನಿಧಾನವಾಗಿ ಓದಿ. ಒಂದು ಕಡೆ ಮೂವರು ಗಂಡಸರು ಒಂದೇ ಹೊಲಕ್ಕೆ ಬಿತ್ತನೆ ಮಾಡುತ್ತಾರೆ. ಮುಗಿದ ಮೇಲೆ ನೋಡಿದರೆ ಒಬ್ಬೊಬ್ಬರೂ ಬೇರೆ ಬೇರೆ ಧಾನ್ಯ ಎರಚಿದ್ದಾರೆ! ಇನ್ನೊಂದು ಕಡೆ ದೀಪದ ಜಗಳ. ಪ್ರಾಣಿಗಳ ಕೊಬ್ಬಿನಿಂದ ಬರುವ ಎಣ್ಣೆ ಬೇಡ ಅಂತ ಉಳಿದವರು ಕತ್ತಲಲ್ಲಿ ಕೂರುತ್ತಾರೆ. ತಾಯಿ ಒಪ್ಪುವುದಿಲ್ಲ. ಹಗಲೆಲ್ಲ ಅಡುಗೆ, ಒಗೆತ. ಹೊಲಿಗೆಗೆ ಅವಳಿಗೆ ಸಿಗೋದು ರಾತ್ರಿ ಮಾತ್ರ, ಅಲ್ವಾ? ದೀಪ ಉರಿಯುತ್ತದೆ.

ಮೂರನೆಯದು ಸುಗ್ಗಿ. ಪೈರು ಕೊಯ್ದಾಗಿದೆ, ಒಳಗೆ ತರಬೇಕು. ಅಷ್ಟರಲ್ಲಿ ಗಂಡಸರೆಲ್ಲ ಯಾವುದೋ ಉದಾತ್ತ ಕೆಲಸ ಅಂತ ಊರು ಬಿಟ್ಟಿದ್ದಾರೆ. ಮೂಡಲಿಂದ ಬಿರುಗಾಳಿ ಮಳೆ ಬರುತ್ತಿದೆ. ತಾಯಿ, ಮೂವರು ಹುಡುಗಿಯರು, ಒಬ್ಬ ಹುಡುಗ. ಬಟ್ಟೆ ಹಾಕಿಡುವ ಬುಟ್ಟಿಗಳಲ್ಲಿ, ನಾರುಬಟ್ಟೆಯ ಹಾಸುಗಳಲ್ಲಿ ಕಾಳು ತುಂಬಿ ಎಳೆದು ತರುತ್ತಾರೆ. ಇದೇ ಬರಹದಲ್ಲಿ ಯಾರೋ ಒಬ್ಬರು, ಇಲ್ಲಿ ಹೊರೆ ಹೊರುವ ಪ್ರಾಣಿ ಇದೆಯಾ ಅಂತ ಕೇಳುತ್ತಾರೆ. ಇದೆ, ಒಬ್ಬ ಹೆಂಗಸು ಮಾತ್ರ ಅಂತ ತಾಯಿ ಉತ್ತರ ಕೊಡುತ್ತಾಳೆ. ದನಗಳನ್ನು ನೊಗದಿಂದ ಬಿಡಿಸಲು ಹೊರಟವರಿಗೆ ಮನೆಯೊಳಗಿನ ನೊಗ ಕಂಡಿರಲಿಲ್ಲ.

ಇದೇ ಕಣ್ಣಿಟ್ಟುಕೊಂಡು ಅಮೆರಿಕದ ಲೇಖಕ ಹೆನ್ರಿ ಡೇವಿಡ್ ಥೋರೋ ಬರೆದ ‘ವಾಲ್ಡನ್’ ತೆರೆಯಿರಿ. ಅವರದು ಕೂಡುಬಾಳ್ವೆಯಲ್ಲ, ಒಂಟಿ ಬಾಳ್ವೆ. 1845ರಿಂದ ಎರಡು ವರ್ಷ ಕೊಳದ ಪಕ್ಕದಲ್ಲಿ ಇದ್ದರು. ಲೆಕ್ಕ ಕರಾರುವಾಕ್ಕು: ಮನೆಗೆ 28 ಡಾಲರ್ 12½ ಸೆಂಟ್, ಮೊದಲ ವರ್ಷದ ಬೇಸಾಯದಲ್ಲಿ ಉಳಿದದ್ದು 8 ಡಾಲರ್ 71½ ಸೆಂಟ್. ಖರ್ಚಿನ ಪಟ್ಟಿಯ ಹತ್ತಿರ ಒಂದು ಸಾಲಿದೆ, ನಾನು ಮೊದಲ ಸಲ ಗಮನಿಸಿರಲೇ ಇಲ್ಲ. ಬಟ್ಟೆ ಒಗೆಯೋದು, ರಿಪೇರಿ ಮಾಡೋದು ಬಹುಪಾಲು ಹೊರಗೆ ಆಗುತ್ತಿತ್ತು, ಅದರ ಬಿಲ್ಲು ಇನ್ನೂ ಬಂದಿಲ್ಲ ಅಂತ. ಅರ್ಧ ಸೆಂಟಿಗೂ ಲೆಕ್ಕ ಇಟ್ಟವರ ಪುಸ್ತಕದಲ್ಲಿ ಈ ಒಂದು ಬಾಬ್ತು ಹೊರಗೇ ಉಳಿಯಿತು. ಇದರಿಂದ ಪುಸ್ತಕದ ಬೆಲೆ ಕಡಿಮೆಯಾಗಲ್ಲ. ಆದರೆ ಸ್ವಾವಲಂಬನೆಯ ಬಗ್ಗೆ ಪ್ರಬಂಧ ಬರೆಯುವವರು ಈ ಸಾಲನ್ನು ಬಿಡಬಾರದು.

ಪಕ್ಕದಲ್ಲಿಟ್ಟು ನೋಡಲು ಗಾಂಧಿಯವರ ‘ದಕ್ಷಿಣ ಆಫ್ರಿಕಾದಲ್ಲಿ ಸತ್ಯಾಗ್ರಹ’ ಒಳ್ಳೆಯದು. ಜೈಲಿಗೆ ಹೋದವರ ಕುಟುಂಬಗಳನ್ನು ಸಾಕಲು ದುಡ್ಡು ಸಾಲುತ್ತಿರಲಿಲ್ಲ. 1910ರಲ್ಲಿ ಗಾಂಧಿಯವರ ಗೆಳೆಯ ಹರ್ಮನ್ ಕಾಲೆನ್‌ಬಾಕ್ ಜೊಹಾನ್ಸ್‌ಬರ್ಗ್‌ನಿಂದ 21 ಮೈಲಿ ದೂರದ 1,100 ಎಕರೆ ಜಮೀನನ್ನು ಬಾಡಿಗೆ ಇಲ್ಲದೆ ಬಿಟ್ಟುಕೊಟ್ಟರು. ಅದೇ ಟಾಲ್‌ಸ್ಟಾಯ್ ಫಾರ್ಮ್. ಈ ಪುಸ್ತಕದಲ್ಲಿ ಅಡುಗೆ ಮತ್ತು ಕಕ್ಕಸು ಬದಿಗೆ ಸರಿದಿಲ್ಲ. ಎಲ್ಲರಿಗೂ ಒಂದೇ ಅಡುಗೆ. ಆಳುಗಳಿಲ್ಲ. ಕೊಳೆಯನ್ನೆಲ್ಲ ಗುಂಡಿಗೆ ಹಾಕಿ ಮಣ್ಣು ಮುಚ್ಚಬೇಕು, ಅದೇ ಆಮೇಲೆ ಗೊಬ್ಬರ. ಹಾಗಿದ್ದೂ ಅಲ್ಲಿ ಹೆಂಗಸರ ಪಾಲಿಗೆ ಎಷ್ಟು ಕೆಲಸ ಬಂತು ಅಂತ ಅದೇ ಪೆನ್ಸಿಲ್ ಹಿಡಿದು ಹುಡುಕಿ.

ಓದುವ ಕ್ರಮ ಕೇಳಿದರೆ ಲೂಯಿಸಾಳ ಬರಹದಿಂದಲೇ ಶುರು ಮಾಡಿ ಅಂತೀನಿ. ಅದು ಚಿಕ್ಕದು, ಒಂದು ಸಂಜೆ ಸಾಕು. ಓದಿದ ಮೇಲೆ ಅವಳ ಬಾಲ್ಯದ ದಿನಚರಿಯನ್ನೂ ನೋಡಿ. ಬರಹದ ತುಂಬ ನಗು ಇದೆ. ದಿನಚರಿಯಲ್ಲಿ ಅದು ಇಲ್ಲ. 1843ರ ಡಿಸೆಂಬರ್‌ನ ಒಂದು ರಾತ್ರಿ ಅಪ್ಪ, ಅಮ್ಮ, ಅಕ್ಕ ಆನ್ನಾ ಎಲ್ಲ ಕೂತು ಬಹಳ ಹೊತ್ತು ಮಾತಾಡಿದ್ದನ್ನು ಬರೆದಿದ್ದಾಳೆ. ಕುಟುಂಬ ಒಡೆದುಹೋಗುವ ಭಯ. ಎಲ್ಲರೂ ಅತ್ತರು. ಆಮೇಲೆ ಅವಳೂ ಅಕ್ಕನೂ ಹಾಸಿಗೆಯಲ್ಲಿ ಮತ್ತೆ ಅತ್ತರು, ನಮ್ಮನ್ನೆಲ್ಲ ಒಟ್ಟಿಗೇ ಇರಿಸು ಅಂತ ಅವಳು ದೇವರನ್ನು ಕೇಳಿಕೊಂಡಳು. ಮರುತಿಂಗಳು ಅವರು ತೋಟ ಬಿಟ್ಟರು.