ಓದುಗರ ಪ್ರಶ್ನೆ: ಮೊದಲು ಅಭಿವೃದ್ಧಿಯಾಗಲಿ, ಪರಿಸರ ಆಮೇಲೆ ನೋಡಿಕೊಂಡರಾಗದೇ?

ಸೇಡಂ, ಚಿತ್ತಾಪುರ, ಯಾದಗಿರಿ ಕಡೆಯ ಓದುಗರು ಈ ಪ್ರಶ್ನೆಯನ್ನು ಬೇರೆ ಬೇರೆ ಮಾತುಗಳಲ್ಲಿ ಕೇಳುತ್ತಲೇ ಇರುತ್ತಾರೆ: ‘ನಮ್ಮದು ಹಿಂದುಳಿದ ಭಾಗ, ಮೊದಲು ಕಾರ್ಖಾನೆ ಬರಲಿ, ಕೈಯಲ್ಲಿ ನಾಲ್ಕು ಕಾಸು ಆಡತೊಡಗಿದ ಮೇಲೆ ದೂಳು, ಹೊಗೆ ತಾನಾಗಿ ಕಡಿಮೆಯಾಗುತ್ತವೆ, ಶ್ರೀಮಂತ ದೇಶಗಳಲ್ಲಿ ಆದದ್ದೂ ಹೀಗೆಯೇ ಅಲ್ಲವೇ?’ ಉತ್ತರಿಸಿ ಉತ್ತರಿಸಿ ನನಗೆ ಸಾಕಾಗಿದ್ದರೂ, ಪ್ರಶ್ನೆಯ ಮೊದಲರ್ಧಕ್ಕೆ ನನ್ನ ತಕರಾರಿಲ್ಲ. ಊರಿಗೆ ಊರೇ ಪುಣೆ, ಹೈದರಾಬಾದಿಗೆ ಗುಳೆ ಹೋಗುವುದನ್ನು ಕಂಡವರು ಉದ್ಯೋಗ ಬೇಡವೆನ್ನಲಾರರು. ತಪ್ಪಿರುವುದು ‘ತಾನಾಗಿ’ ಎಂಬ ಒಂದು ಪದದಲ್ಲಿ.

ಈ ನಂಬಿಕೆಗೆ ಒಂದು ಮೂಲವಿದೆ. ಆದಾಯ ಏರಿದಂತೆ ಮಾಲಿನ್ಯ ಮೊದಲು ಏರಿ, ಒಂದು ಹಂತದ ನಂತರ ಇಳಿಯುವುದನ್ನು ಗ್ರಾಸ್‌ಮನ್ ಮತ್ತು ಕ್ರೂಗರ್ ಎಂಬ ಅರ್ಥಶಾಸ್ತ್ರಜ್ಞರು 1991ರಲ್ಲಿ ಗಂಧಕದ ಡೈಆಕ್ಸೈಡ್ ಮತ್ತು ಹೊಗೆಯ ಅಂಕಿಅಂಶಗಳಲ್ಲಿ ತೋರಿಸಿದರು. ಅದಕ್ಕೆ ಆಮೇಲೆ ಸೈಮನ್ ಕುಜ್ನೆಟ್ಸ್ ಎಂಬ ಇನ್ನೊಬ್ಬ ಅರ್ಥಶಾಸ್ತ್ರಜ್ಞರ ಹೆಸರು ಅಂಟಿತು. ಆದರೆ ಕುಜ್ನೆಟ್ಸ್ 1955ರಲ್ಲಿ ಬರೆದದ್ದು ಆದಾಯದ ಅಸಮಾನತೆಯ ಬಗ್ಗೆ, ಮಾಲಿನ್ಯದ ಬಗ್ಗೆ ಅಲ್ಲ. ಜನ ಓದದೆ ಬಿಡುವ ಭಾಗ ಇನ್ನೊಂದಿದೆ: ಈ ಇಳಿಕೆ ತಂತಾನೇ ನಡೆಯುತ್ತದೆಂದು ನಂಬಲು ಕಾರಣವಿಲ್ಲ, ಜನರ ಒತ್ತಾಯ ಮತ್ತು ಅದರಿಂದ ಬರುವ ನಿಯಮಗಳೇ ಮುಖ್ಯ ಎಂದು 1995ರಲ್ಲಿ ಅದೇ ಇಬ್ಬರು ಬರೆದರು.

ಬ್ರಿಟನ್ ಹತ್ತೊಂಬತ್ತನೆಯ ಶತಮಾನದಲ್ಲೇ ಸಿರಿವಂತ ದೇಶವಾಗಿತ್ತು. ಸಿರಿಯೇ ಗಾಳಿಯನ್ನು ತೊಳೆಯುವುದಾದರೆ ಲಂಡನ್ನಿನ ಕಲ್ಲಿದ್ದಲ ಹೊಗೆ ಆಗಲೇ ಹೋಗಬೇಕಿತ್ತು. ಹೋಗಲಿಲ್ಲ, 1952ರ ಡಿಸೆಂಬರಿನಲ್ಲಿ ಹೊಗೆಮಂಜು ಸಾವಿರಾರು ಜನರನ್ನು ಬಲಿ ತೆಗೆದುಕೊಂಡ ಮೇಲೆ, 1956ರಲ್ಲಿ ಕಾಯ್ದೆ ಬಂತು. ಇನ್ನೊಂದೆಡೆ ಭಾರತ ಜಲಮಾಲಿನ್ಯ ಕಾಯ್ದೆಯನ್ನು ಮಾಡಿದ್ದು 1974ರಲ್ಲಿ, ನಾವು ಬಹಳ ಬಡವರಾಗಿದ್ದಾಗ. ಕಾಯ್ದೆ ಮಾಡಲು ಸಿರಿವಂತಿಕೆಗಾಗಿ ಕಾಯಬೇಕಿಲ್ಲ ಎಂಬುದಕ್ಕೆ ಬೇರೆ ಸಾಕ್ಷಿ ಬೇಕೇ?

ದೂರದ ಮಾತು ಬಿಡೋಣ. ತೊಗರಿ ಹೂ ಬಿಟ್ಟಿದ್ದ ಹೊತ್ತಿನಲ್ಲಿ, ಸುಣ್ಣಕಲ್ಲಿನ ಲಾರಿಗಳು ಓಡಾಡುವ ರಸ್ತೆಯ ಬದಿಯ ಹೊಲವೊಂದರಲ್ಲಿ ಎಲೆಯೊಂದನ್ನು ಹೆಬ್ಬೆರಳಿನಿಂದ ಒರೆಸಿದೆ. ಇಬ್ಬನಿಯಲ್ಲಿ ನೆನೆದ ಬೂದು ದೂಳು ರಾಡಿಯಾಗಿ ಬೆರಳಿಗೆ ಮೆತ್ತಿತು, ಒರೆಸಿದಷ್ಟು ಜಾಗದಲ್ಲಿ ಮಾತ್ರ ಹಸಿರು ಕಂಡಿತು. ಆ ದೂಳನ್ನು ತಡೆಯಲು ಲಾರಿಗೆ ತಾಡಪತ್ರಿ ಹೊದಿಸಿ, ದಾರಿಗೆ ದಿನಾ ನೀರು ಹೊಡೆಸಿದರೆ ಬಹುಪಾಲು ಸಾಕು. ಇದಕ್ಕೆ ಜಿಲ್ಲೆಯ ತಲಾ ಆದಾಯ ದುಪ್ಪಟ್ಟಾಗುವ ತನಕ ಕಾಯಬೇಕೇ?

ಕಣ್ಣಿಗೆ ಕಾಣುವ ದೂಳಿಗೆ ಒತ್ತಾಯವಾದರೂ ಹುಟ್ಟುತ್ತದೆ. ಕಾಣದ ಇಂಗಾಲದ ಡೈಆಕ್ಸೈಡಿಗೆ ಅದೂ ಕಷ್ಟ. ಸಿಮೆಂಟ್ ಮಾಡಲು ಸುಣ್ಣಕಲ್ಲನ್ನು ಸುಡಬೇಕು. ನೂರು ಕಿಲೋ ಶುದ್ಧ ಸುಣ್ಣಕಲ್ಲನ್ನು ಸುಟ್ಟರೆ ಉಳಿಯುವುದು 56 ಕಿಲೋ ಸುಣ್ಣ. ಮಿಕ್ಕ 44 ಕಿಲೋ ಇಂಗಾಲದ ಡೈಆಕ್ಸೈಡಾಗಿ ಗಾಳಿಗೆ ಹೋಗುತ್ತದೆ. ಅದು ಕಲ್ಲಿನೊಳಗಿನಿಂದಲೇ ಬರುವುದರಿಂದ, ಉರುವಲು ಬದಲಿಸಿದರೂ ಈ ಪಾಲು ತಪ್ಪದು.

ಯಾರೂ ಕೇಳದಿದ್ದರೂ ಕೇಳಬೇಕಾದ ಪ್ರಶ್ನೆಯೊಂದಿದೆ: ಬೆಳವಣಿಗೆಯ ಹಣದಲ್ಲಿ ಗಣಿಯ ಪಕ್ಕದ ಊರಿಗೆ ಬರಬೇಕಾದ ಪಾಲೆಷ್ಟು? 2015ರಲ್ಲಿ ತಿದ್ದುಪಡಿಯಾದ ಗಣಿ ಕಾಯ್ದೆಯಂತೆ ಪ್ರತಿ ಗಣಿ ಜಿಲ್ಲೆಯಲ್ಲೂ ಜಿಲ್ಲಾ ಖನಿಜ ಪ್ರತಿಷ್ಠಾನ, ಅಂದರೆ ಗಣಿಯಿಂದ ಬಾಧಿತರಾದವರಿಗಾಗಿ ಒಂದು ನಿಧಿ, ಇರಬೇಕು. ಆ ವರ್ಷದ ಜನವರಿ 12ಕ್ಕಿಂತ ಮೊದಲಿನ ಗುತ್ತಿಗೆದಾರರು ರಾಜಧನದ (ಖನಿಜ ತೆಗೆಯಲು ಸರ್ಕಾರಕ್ಕೆ ಕೊಡುವ ಹಣದ) ಶೇ 30ರಷ್ಟು, ಹರಾಜಿನಲ್ಲಿ ಪಡೆದವರು ಶೇ 10ರಷ್ಟು ಮೊತ್ತವನ್ನು ರಾಜಧನದ ಜೊತೆಗೆ ಅದಕ್ಕೆ ಕಟ್ಟಬೇಕು. ಕುಡಿಯುವ ನೀರು, ಆರೋಗ್ಯ, ಮಾಲಿನ್ಯ ನಿಯಂತ್ರಣ ಅದರ ಆದ್ಯತೆಯ ಬಾಬತ್ತುಗಳಲ್ಲಿ ಸೇರಿವೆ. ನಿಮ್ಮೂರಿನ ಹೆಸರಿನಲ್ಲಿ ಎಷ್ಟು ಖರ್ಚಾಗಿದೆಯೆಂದು ಗ್ರಾಮಸಭೆಯಲ್ಲಿ ಲಿಖಿತವಾಗಿ ಕೇಳಿ. ಆದರೆ ಲಾರಿಗೆ ತಾಡಪತ್ರಿ ಹೊದಿಸುವ ಖರ್ಚನ್ನು ಆ ನಿಧಿಯ ಮೇಲೆ ಹಾಕಲು ಯಾರಾದರೂ ಹೊರಟರೆ ಒಪ್ಪಬೇಡಿ, ಅದು ಲಾರಿ ಓಡಿಸುವವರ ಹೊಣೆ.